ದ್ವಾದಶಿ ಬೆಳಗ್ಗೆ ಕಳೆದುಹೋದ ಸ್ಪರ್ಶರೇಖೆ

ಈಚೆಗೆ ನಮ್ಮ ಬಳಗದ ಇಬ್ಬರು ಹುಡುಗಿಯರು ಕಾಲೇಜಿನಲ್ಲಿ ಗಣಿತ ಹೇಳಿಕೊಡುವ ಕೆಲಸಕ್ಕೆ ಸೇರಿದರು. ನಮಸ್ಕಾರ ಮಾಡಲು ಬಂದವರು, "ದೊಡ್ಡಮ್ಮ, ಕೆಲಸ ಹೇಗಿರುತ್ತೆ ಅಂತ ಹೇಳಿ" ಎಂದು ಕೇಳಿದರು. ಬಾಯಲ್ಲಿ ಹೇಳಿದರೆ ಒಗ್ಗರಣೆ ಹೆಚ್ಚಾಗುತ್ತದೆ, ಬರೆದೇ ಕೊಡುತ್ತೇನೆ ಎಂದೆ. ಹಾಗಾಗಿ ಇದು.

ಬರೆಯಲು ಕೂತರೆ ಮೊದಲು ಕಣ್ಣಮುಂದೆ ಬರುವವಳು ನಾಗರತ್ನ. ಪಿ.ಯು.ಸಿ. ಓದುತ್ತಿದ್ದ ಹುಡುಗಿ. ನನ್ನ ಒಂದು ತಪ್ಪಿನಿಂದ ಅವಳು ಆ ವರ್ಷ ಪರೀಕ್ಷೆಗೇ ಕೂರದೆ ಮನೆಗೆ ಹೋಗುವುದರಲ್ಲಿದ್ದಳು. ಹೋಗಿದ್ದರೆ ಮತ್ತೆ ಓದಲು ಬರುತ್ತಿರಲಿಲ್ಲ. ಆ ತಪ್ಪು ಏನು, ಹೇಗಾಯಿತು ಎಂದು ತಿಳಿಯಬೇಕಾದರೆ ನನ್ನ ಕೆಲಸ ಹೇಗೆ ನಡೆಯುತ್ತಿತ್ತು ಎನ್ನುವುದನ್ನು ಮೊದಲು ಹೇಳಬೇಕು.

ನಾನು ಮೊದಲು ಗೃಹಿಣಿ, ಆಮೇಲೆ ಲೆಕ್ಕದ ಟೀಚರು. ಮದ್ರಾಸಿನ ತಿರುವಲ್ಲಿಕ್ಕೇಣಿಯಲ್ಲಿ ನಮ್ಮ ಬಾಡಿಗೆ ಮನೆ. ನಮ್ಮನೆಯವರು ರೈಲ್ವೆ ಆಫೀಸಿನಲ್ಲಿದ್ದರು. ಅತ್ತೆಯವರು ಕಟ್ಟಾ ಮಾಧ್ವರು. ಮಡಿಯಲ್ಲಿ ಅಡುಗೆ ಮುಗಿಸಿ, ನೈವೇದ್ಯವಾಗಿ, ಎಲ್ಲರಿಗೂ ಬಡಿಸಿ, ಮಡಿಸೀರೆ ಬಿಚ್ಚಿ ಕಾಲೇಜಿನ ಸೀರೆ ಉಟ್ಟು ಓಡಬೇಕು. ಕೆಲಸಕ್ಕೆ ಸೇರಿದ ಹೊಸದರಲ್ಲಿ ಟ್ರಾಮ್ ಇತ್ತು, ಆಮೇಲೆ ಬಸ್ಸು. ಬಸ್ಸು ನಿಂತರೆ ಒಂದು ಕೃಪೆ, ಕೂರಲು ಜಾಗ ಸಿಕ್ಕರೆ ಎರಡನೆಯದು, ಕಾಲೇಜು ಮುಟ್ಟಿದಾಗ ಮೊದಲ ಗಂಟೆ ಹೊಡೆದಿಲ್ಲವಾದರೆ ಮೂರನೆಯದು. ದೊಡ್ಡ ವರಗಳನ್ನು ನಾನು ಎಂದೂ ಕೇಳಿದವಳಲ್ಲ. ಇಂಥ ಸಣ್ಣವನ್ನು ಎಣಿಸಿಕೊಂಡೇ ದಿನ ದೂಡಿದ್ದೇನೆ. ಆ ಎಣಿಕೆಯ ಚಾಳಿಯೇ ಒಮ್ಮೆ ನನ್ನ ಕಣ್ಣು ಕಟ್ಟಿತು. ಅದನ್ನು ಮುಂದೆ ಹೇಳುತ್ತೇನೆ.

ನಮ್ಮ ಗಣಿತ ವಿಭಾಗದ ಮುಖ್ಯಸ್ಥರು ವೇದವಲ್ಲಿ ಮೇಡಂ. ಅಯ್ಯಂಗಾರರು. ಅವರ ತಾತನ ಕಾಲದಲ್ಲೇ ಮೈಸೂರು ಸೀಮೆ ಬಿಟ್ಟು ಮದ್ರಾಸಿಗೆ ಬಂದ ಮನೆತನ. ಅವರ ಕನ್ನಡದಲ್ಲಿ ಅರ್ಧ ತಮಿಳು ಇರುತ್ತಿತ್ತು. ಮದುವೆಯಾಗಿರಲಿಲ್ಲ. ಸದಾ ಅಂಚು ಸಣ್ಣಗಿದ್ದ ಬಿಳಿ ಸೀರೆ, ಸೊಂಟಕ್ಕೆ ಸಿಕ್ಕಿಸಿದ ಕರ್ಚೀಫು, ಅದರಲ್ಲಿ ಸೀಮೆಸುಣ್ಣದ ತುಂಡು. ಹುಡುಗಿಯರು ಅವರ ಚಪ್ಪಲಿ ಸದ್ದಿಗೇ ಎದ್ದು ನಿಲ್ಲುತ್ತಿದ್ದರು. ನಾನೂ ಎದ್ದು ನಿಲ್ಲುತ್ತಿದ್ದೆ.

ಅವರಿಂದ ನಾನು ಮೊದಲ ಪಾಠ ಕಲಿತದ್ದು ಇಂಟರ್‌ಮೀಡಿಯೆಟ್ ಇದ್ದ ಕಾಲದಲ್ಲಿ. ಆಗ ನಿರ್ದೇಶಾಂಕ ರೇಖಾಗಣಿತವನ್ನು ಸೂತ್ರಗಳ ಮಂತ್ರದಂತೆ ಹೇಳಿಕೊಡುವ ಪದ್ಧತಿ. ಸ್ಪರ್ಶರೇಖೆ ಎಂದರೆ ವೃತ್ತವನ್ನು ಒಂದೇ ಒಂದು ಕಡೆ ತಾಗಿ, ಒಳಗೆ ನುಗ್ಗದೆ ಹೋಗುವ ಗೆರೆ. ಗೋಡೆಗೆ ಒರಗಿಸಿಟ್ಟ ಹರಿವಾಣ ನೆಲಕ್ಕೆ ತಾಗುತ್ತದಲ್ಲ, ಹಾಗೆ. ವೃತ್ತದ ಮೇಲಿನ ಒಂದು ಬಿಂದುವಿನಲ್ಲಿ ಆ ಗೆರೆಯ ಸಮೀಕರಣ ಬೇಕಾದರೆ ಸುಲಭದ ಉಪಾಯವಿದೆ: x² ಇರುವ ಕಡೆ ಒಂದು x ತೆಗೆದು ಬಿಂದುವಿನ ಬೆಲೆ ಇಡು, y² ಇರುವ ಕಡೆಯೂ ಹಾಗೇ ಮಾಡು, ಮುಗಿಯಿತು. x² + y² = 25 ಎಂಬ ವೃತ್ತದ ಮೇಲೆ (3, 4) ಎಂಬ ಬಿಂದು ಇದ್ದರೆ ಗೆರೆ 3x + 4y = 25. ನಾನು ಇದನ್ನು ಉಪ್ಪಿಟ್ಟು ಮಾಡುವ ಕ್ರಮದಂತೆ ಹೇಳಿಕೊಟ್ಟೆ. ಹುಡುಗಿಯರೂ ಖುಷಿಯಿಂದ ಕಲಿತರು.

ಒಂದು ದಿನ ವೇದವಲ್ಲಿ ಮೇಡಂ ಹೇಳದೆ ಕೇಳದೆ ಬಂದು ಕೊನೆಯ ಬೆಂಚಿನಲ್ಲಿ ಕೂತರು. ನಾನು ಹಲಗೆಯ ಮೇಲೆ ಒಂದು ಲೆಕ್ಕ ಕೊಟ್ಟೆ. ಬಿಂದು ವೃತ್ತದ ಹೊರಗಿತ್ತು. ನಾನದನ್ನು ಗಮನಿಸಲಿಲ್ಲ. ಇಡೀ ಕ್ಲಾಸು ಅದೇ ಉಪಾಯ ಹಚ್ಚಿ ಒಂದು ಅಂದವಾದ ಸಮೀಕರಣ ತೆಗೆಯಿತು. ನಾನೂ ಸರಿ ಎಂದೆ. ಗಂಟೆ ಹೊಡೆದ ಮೇಲೆ ಮೇಡಂ ಕರೆದರು.

"ಸುಶೀಲಾ, ಕೊಂಚ ಬಾ ಇಲ್ಲಿ. ನೀನು ತೆಗೆದ ಗೆರೆ ವೃತ್ತದ ಒಳಗೆ ನುಗ್ಗಿ ಆ ಕಡೆ ಹೋಗಿದೆ. ಸ್ಪರ್ಶರೇಖೆ ಹೊಟ್ಟೆಯೊಳಗೆ ಹೋಗುತ್ತೇನಮ್ಮಾ?"

ಚಿತ್ರ ಬರೆದು ನೋಡಿದೆ. ನಿಜ. ಬಿಂದು ಹೊರಗಿದ್ದರೆ ಆ ಉಪಾಯದಿಂದ ಬರುವುದು ಸ್ಪರ್ಶರೇಖೆಯಲ್ಲ. ಹೊರಗಿನ ಬಿಂದುವಿನಿಂದ ಎರಡು ಸ್ಪರ್ಶರೇಖೆಗಳನ್ನು ಎಳೆದರೆ ಅವು ತಾಗುವ ಎರಡು ಜಾಗಗಳನ್ನು ಸೇರಿಸುವ ಗೆರೆ ಅದು.

"ಬಿಂದು ಮನೆಯೊಳಗಿದೆಯಾ, ಹೊಸ್ತಿಲ ಮೇಲಿದೆಯಾ, ಬೀದಿಯಲ್ಲಿದೆಯಾ? ಮೊದಲು ಅದನ್ನ ಕೇಳು. ಆಮೇಲೆ ಸೂತ್ರ. ಶರಿ, ಹೋಗು, ಕಾಫಿ ಕುಡಿ" ಎಂದರು. ಹುಡುಗಿಯರೆದುರು ಒಂದು ಮಾತೂ ಆಡಲಿಲ್ಲ. ಮಾರನೆಯ ದಿನ ನಾನೇ ತಿದ್ದಿಕೊಳ್ಳಲು ಬಿಟ್ಟರು. ಇಂಥ ಮೇಲಧಿಕಾರಿ ಸಿಗುವುದಕ್ಕೆ ಪುಣ್ಯ ಮಾಡಿರಬೇಕು.

ಆಮೇಲೆ ಇಂಟರ್‌ಮೀಡಿಯೆಟ್ ಹೋಗಿ ಪಿ.ಯು.ಸಿ. ಬಂತು. ಎರಡು ವರ್ಷದ ಪಾಠ ಒಂದು ವರ್ಷಕ್ಕೆ ಕುಗ್ಗಿತು. ನಾನು ಎರಡು ಬಾಣಂತನಕ್ಕೆ ಕೆಲಸ ಬಿಟ್ಟು ಮತ್ತೆ ಸೇರಿದ್ದರಿಂದ ನನ್ನ ಕೆಲಸ ಇನ್ನೂ ತಾತ್ಕಾಲಿಕವಾಗಿಯೇ ಇತ್ತು. ವರ್ಷ ವರ್ಷ ಮುಂದುವರಿಸುತ್ತಿದ್ದರು. ಆ ಬಾರಿ ಖಾಯಂ ಆಗುತ್ತದೆ ಎಂಬ ಮಾತು ನಡೆದಿತ್ತು. ಅದೇ ವರ್ಷ ನಾಗರತ್ನ ಬಂದಳು.

ಅವಳನ್ನು ಸೇರಿಸಲು ಬಂದವರು ಅವಳ ತಂದೆ ಸಿದ್ದಾಚಾರ್. ವಡಪಳನಿಯ ಸಿನಿಮಾ ಸ್ಟುಡಿಯೋಗಳಲ್ಲಿ ಬಡಗಿ. ಮೈಸೂರಿನ ಕಡೆಯವರು. ತೆಳು ಹಲಗೆಯಲ್ಲಿ ಅರಮನೆ ಕಟ್ಟುವುದು, ವಾರದ ಮೇಲೆ ಅದನ್ನು ಒಡೆದು ಜೈಲು ಕಟ್ಟುವುದು ಅವರ ಕೆಲಸ. ನಾನು ಕನ್ನಡ ಮಾತಾಡುವವಳು ಎಂದು ಯಾರೋ ಹೇಳಿದ್ದರಂತೆ. ಕೈಕಟ್ಟಿ ನಿಂತು ಹೇಳಿದರು:

"ಅಮ್ಮಾವ್ರೇ, ನಮ್ ಸ್ಟುಡಿಯೋದಲ್ಲಿ ಫ್ಯಾನ್ ಕೆಳ್ಗೆ ಕುರ್ಚಿ ಮೇಲೆ ಕೂತು ಗೆರೆ ಎಳೆಯೋರು ಒಬ್ರು. ಆ ಗೆರೆ ನೋಡ್ಕಂಡು ನೆಲದ್ ಮೇಲೆ ಕೂತು ಮರ ಕುಯ್ಯೋರು ನಾವು. ನನ್ ಮಗ್ಳು ಗೆರೆ ಎಳೆಯೋ ಕಡೆ ಕೂತ್ಕಳ್ಳಿ ಅಂತ ಆಸೆ."

ನಕ್ಷೆ ಬರೆಯುವ ತರಬೇತಿಗೆ ಸೇರಬೇಕೆಂದು ಅಪ್ಪ ಮಗಳು ಇಬ್ಬರೂ ನಿಶ್ಚಯ ಮಾಡಿಕೊಂಡಿದ್ದರು. ಅಲ್ಲಿನ ನಿಯಮ, ಗಣಿತ ತೆಗೆದುಕೊಂಡು ಪಿ.ಯು.ಸಿ.ಯನ್ನು ಮೊದಲ ಸಲಕ್ಕೇ ಪಾಸು ಮಾಡಿರಬೇಕು. ಅಲ್ಲದೆ ನಮ್ಮ ಕಾಲೇಜು ಕೊಟ್ಟಿದ್ದ ಫೀಸಿನ ರಿಯಾಯಿತಿ ಒಂದೇ ವರ್ಷಕ್ಕೆ. ಆ ವರ್ಷ ತಪ್ಪಿದರೆ ಎರಡೂ ತಪ್ಪಿದಂತೆ.

ನಾಗರತ್ನ ಹುಟ್ಟಿದ್ದು ಬೆಳೆದದ್ದು ಮದ್ರಾಸಿನಲ್ಲಿ. ನಾನು ಕನ್ನಡದಲ್ಲಿ ಕೇಳಿದರೆ ತಮಿಳಿನಲ್ಲಿ ಉತ್ತರ ಕೊಡುವಳು. ನಿಮಗೆ ತಿಳಿಯಲೆಂದು ಇಲ್ಲಿ ಅವಳ ಮಾತನ್ನೂ ಕನ್ನಡದಲ್ಲೇ ಬರೆಯುತ್ತಿದ್ದೇನೆ. ಮಾತು ಕಡಿಮೆ. ಕ್ಲಾಸಿನಲ್ಲಿ ಎಲ್ಲರೂ ಲೆಕ್ಕ ಶುರು ಮಾಡಿದರೆ ಇವಳು ಪೆನ್ಸಿಲು ಕಚ್ಚುತ್ತ ಸುಮ್ಮನೆ ನೋಡುತ್ತಿರುವಳು. ಆಮೇಲೆ ಉತ್ತರ ಮಾತ್ರ ಬರೆಯುವಳು. ಹಂತಗಳಿಲ್ಲ. ನಾನು ಬೈಯುತ್ತಿದ್ದೆ.

"ಹಂತ ಬರಿಯೇ. ಅಡುಗೆ ಬಡಿಸಿದ ಹಾಗೆ ಒಂದಾದ ಮೇಲೆ ಒಂದು ಬರಬೇಕು."

"ಕಂಡುಬಿಡುತ್ತೆ ಟೀಚರ್. ಕಂಡಮೇಲೆ ಏನು ಬರೀಲಿ?" ಅನ್ನುವಳು. ಹಿಂದಿನ ಬೆಂಚಿನವರು ಕಿಸಕ್ಕನೆ ನಗುವರು. ನನಗೆ ಅದು ಉದ್ಧಟತನ ಎನಿಸುತ್ತಿತ್ತು. ಅವಳು ನಿಜವನ್ನೇ ಹೇಳುತ್ತಿದ್ದಳು ಎಂಬುದು ಆಗ ಹೊಳೆಯಲಿಲ್ಲ.

ವಿಶ್ವವಿದ್ಯಾಲಯದ ಪರೀಕ್ಷೆಗೆ ಮುಂಚೆ ಕಾಲೇಜಿನಲ್ಲೇ ಒಂದು ಸೆಲೆಕ್ಷನ್ ಪರೀಕ್ಷೆ. ಅದರಲ್ಲಿ ದಾಟಿದವರನ್ನು ಮಾತ್ರ ದೊಡ್ಡ ಪರೀಕ್ಷೆಗೆ ಕಳಿಸುವುದು. ಗಣಿತದ ಪ್ರಶ್ನೆಪತ್ರಿಕೆ ನನ್ನ ಪಾಲಿಗೆ ಬಂತು. ಪ್ರಶ್ನೆಪತ್ರಿಕೆಗಳನ್ನು ನಾನು ಯಾವಾಗಲೂ ಏಕಾದಶಿಯಂದು ತಯಾರಿಸುತ್ತಿದ್ದೆ. ಏಕಾದಶಿ ಎಂದರೆ ಮನೆಯಲ್ಲಿ ಉಪವಾಸ, ಮಕ್ಕಳಿಗಿಷ್ಟು ಅವಲಕ್ಕಿ ಕಲಸಿಟ್ಟರೆ ಒಲೆಗೆ ರಜ. ತಿಂಗಳಿಗೆ ಎರಡು ದಿನ ನನಗೆ ಕೂರಲು ಪುರಸತ್ತು ಸಿಗುತ್ತಿದ್ದದ್ದು ಆ ಹರಿಯ ದಯದಿಂದಲೇ. ಮೂಲೆಯಲ್ಲಿ ಮಣೆ ಹಾಕಿಕೊಂಡು ಕೂತು ಬರೆದೆ. ಏಳನೆಯ ಪ್ರಶ್ನೆ ಹೀಗಿತ್ತು: x² + y² = 25 ಎಂಬ ವೃತ್ತಕ್ಕೆ (5, 10) ಎಂಬ ಬಿಂದುವಿನಿಂದ ಎಳೆಯುವ ಸ್ಪರ್ಶರೇಖೆಯ ಸಮೀಕರಣ ಕಂಡುಹಿಡಿಯಿರಿ. ಎಲ್ಲ ಐದರ ಮಗ್ಗಿಯ ಅಂಕಿಗಳು, ಹುಡುಗಿಯರಿಗೆ ಭಿನ್ನರಾಶಿಯ ಕಾಟ ಬೇಡ ಎಂದು ಆರಿಸಿದ್ದೆ.

ಮಾರನೆಯ ದಿನ ದ್ವಾದಶಿ. ಸೂರ್ಯ ಹುಟ್ಟುತ್ತಿದ್ದಂತೆ ಪಾರಣೆಯಾಗಬೇಕು. ಅಗಸೆಸೊಪ್ಪು, ನೆಲ್ಲಿಕಾಯಿ, ಪಾಯಸ ಎಲ್ಲ ಬೆಳಗಿನ ಜಾವಕ್ಕೇ ಸಿದ್ಧವಿರಬೇಕು. ಉತ್ತರಗಳ ಹಾಳೆಯನ್ನೂ ಅಂದೇ ಕೊಡಬೇಕಿತ್ತು. ಬೇಳೆ ಬೇಯಲಿಟ್ಟು, ಒಲೆಯ ಪಕ್ಕದಲ್ಲೇ ಕೂತು ಉತ್ತರ ತೆಗೆಯುತ್ತಾ ಹೋದೆ. ಏಳನೆಯದಕ್ಕೆ ಬಂದೆ. ಗೆರೆಯ ಇಳಿಜಾರನ್ನು m ಎಂದುಕೊಂಡು, ಕೇಂದ್ರದಿಂದ ಅದರ ದೂರ ಐದು ಇರಬೇಕು ಎಂದು ಬರೆದರೆ (10 − 5m)² = 25(1 + m²). ಬಿಡಿಸಿದರೆ ಎರಡೂ ಕಡೆ 25m². ಹೊಡೆದುಹಾಕಿದೆ. ವರ್ಗಸಮೀಕರಣದ ರಗಳೆಯೇ ಇಲ್ಲ. m = 3/4, ಗೆರೆ 3x − 4y + 25 = 0. ಪಾರಣೆಯ ಹೊತ್ತಿಗೆ ಸರಿಯಾಗಿ ಲೆಕ್ಕ ಇಷ್ಟು ಚಿಕ್ಕದಾಗಬೇಕೆ! ಶ್ರೀಹರೀ, ಇದೂ ನಿನ್ನ ಕೃಪೆ ಎಂದು ಎಣಿಸಿಕೊಂಡು, ಹಾಳೆ ಮಡಚಿಟ್ಟು, ಸೊಪ್ಪಿಗೆ ಒಗ್ಗರಣೆ ಹಾಕಲು ಎದ್ದೆ.

ಹೊರಗಿನ ಬಿಂದುವಿನಿಂದ ಯಾವಾಗಲೂ ಎರಡು ಸ್ಪರ್ಶರೇಖೆ ಇರುತ್ತವೆ ಎಂದು ಹಲಗೆಯ ಮೇಲೆ ನೂರು ಸಲ ಬರೆದ ಕೈ ಇದು. ಒಂದೇ ಬಂದಿತಲ್ಲ ಎಂದು ಅದಕ್ಕೆ ಅನ್ನಿಸಲಿಲ್ಲ. ಸುಲಭವಾಗಿ ಸಿಕ್ಕಿದ್ದನ್ನು ದೇವರ ಲೆಕ್ಕಕ್ಕೆ ಹಾಕಿಬಿಟ್ಟರೆ ಮರುಪರಿಶೀಲನೆ ಮಾಡುವ ಬುದ್ಧಿಯೇ ಹೋಗುತ್ತದೆ. ಕೃಪೆಯನ್ನು ಎಣಿಸಿರಿ, ಬೇಡವೆನ್ನುವುದಿಲ್ಲ. ಆದರೆ ಗೆರೆಗಳನ್ನೂ ಎಣಿಸಿರಿ.

ಪರೀಕ್ಷೆ ನಡೆಯಿತು. ಹೆಚ್ಚಿನ ಹುಡುಗಿಯರು ನನ್ನಂತೆಯೇ ಮಾಡಿ ಒಂದೇ ಗೆರೆ ಬರೆದರು. ನಾಗರತ್ನಳ ಉತ್ತರಪತ್ರಿಕೆಯಲ್ಲಿ ಒಂದು ಚಿತ್ರ. ಕೈಬಳೆ ಇಟ್ಟು ಎಳೆದ ವೃತ್ತ. ಅದರ ಕೆಳಗೆ ಎರಡೇ ಸಾಲು: x = 5, ಆಮೇಲೆ 3x − 4y + 25 = 0. ಪಕ್ಕದಲ್ಲಿ 6, 8, 10 ಎಂದು ಮೂರು ಅಂಕಿ. ಹಂತ ಒಂದೂ ಇಲ್ಲ. ಎರಡನೆಯ ಸಾಲು ನನ್ನ ಉತ್ತರವೇ. ಹಂತವಿಲ್ಲದೆ ಸರಿಯುತ್ತರ ಹೇಗೆ ಬಂತು? ಪಕ್ಕದವಳದ್ದನ್ನು ನೋಡಿರಬೇಕು. ಮೊದಲ ಸಾಲು ಏನೋ ತೋಚಿದ್ದು. ಕೆಂಪು ಶಾಯಿಯಲ್ಲಿ 'ಹಂತಗಳೆಲ್ಲಿ?' ಎಂದು ಬರೆದು ಸೊನ್ನೆ ಹಾಕಿದೆ. ಕೂಡಿದಾಗ ಅವಳು ಗಡಿಗಿಂತ ಸ್ವಲ್ಪ ಕೆಳಗೆ ಉಳಿದಳು. ಆ ಒಂದು ಪ್ರಶ್ನೆಯ ಅಂಕ ಸಿಕ್ಕಿದ್ದರೆ ದಾಟುತ್ತಿದ್ದಳು.

ಶನಿವಾರ ಪತ್ರಿಕೆಗಳನ್ನು ಹಂಚಿದೆ. ಸೋಮವಾರ ಆಯ್ಕೆಯಾದವರ ಪಟ್ಟಿ ಹಾಕುವುದು, ಅಂದೇ ಪರೀಕ್ಷೆಯ ಅರ್ಜಿ ಕೊಡಲು ಕೊನೆಯ ದಿನ. ಎಲ್ಲರೂ ಹೋದ ಮೇಲೆ ನಾಗರತ್ನ ಮೇಜಿನ ಹತ್ತಿರ ಬಂದಳು.

"ಟೀಚರ್, ಈ ಗೆರೆ ವೃತ್ತಕ್ಕೆ ತಾಗೋದಿಲ್ವಾ?" ಎಂದು x = 5ರ ಮೇಲೆ ಬೆರಳಿಟ್ಟಳು.

"ಪಕ್ಕದವಳದ್ದು ನೋಡಿ ಬರೆದೆಯಾ?"

ಅವಳ ಮುಖ ಕೆಂಪಾಯಿತು. "ಪಕ್ಕದವಳ ಹತ್ತಿರ ಒಂದೇ ಗೆರೆ ಇದೆ ಟೀಚರ್. ನನ್ನ ಹತ್ತಿರ ಎರಡಿದೆ. ನೋಡಿ ಬರೆದರೆ ಜಾಸ್ತಿ ಹೇಗೆ ಬರುತ್ತೆ?"

ಉತ್ತರವಿಲ್ಲದಾಗ ಟೀಚರುಗಳು ಮಾಡುವುದನ್ನೇ ಮಾಡಿದೆ. "ಬಸ್ಸಿಗೆ ಹೊತ್ತಾಯ್ತು" ಎಂದು ಎದ್ದೆ.

ಬಸ್ಸಿನಲ್ಲಿ ಜಾಗ ಸಿಕ್ಕಿತು. ಅಂದು ಅದನ್ನು ಎಣಿಸಲಿಲ್ಲ. ಅವಳ ಮಾತೇ ಕೊರೆಯುತ್ತಿತ್ತು. ಭಾನುವಾರ ಊಟವಾದ ಮೇಲೆ ಚಿತ್ರ ಬರೆದೇ ನೋಡೋಣ ಎಂದುಕೊಂಡೆ. ಮನೆಯಲ್ಲಿ ಗ್ರಾಫ್ ಹಾಳೆ ಎಲ್ಲಿಯದು? ರಂಗೋಲಿ ಡಬ್ಬಿ ತೆಗೆದು ಅಡುಗೆಮನೆಯ ನೆಲದ ಮೇಲೆ ಸಾಲಾಗಿ ಚುಕ್ಕಿ ಇಟ್ಟೆ. ನಡುವಿನ ಚುಕ್ಕಿಯಿಂದ ನಾಲ್ಕೂ ಕಡೆಗೆ ಐದೈದು ಚುಕ್ಕಿ ಮುಟ್ಟುವಂತೆ ದಾರ ಹಿಡಿದು ವೃತ್ತ ಹಾಕಿದೆ. ಬಲಕ್ಕೆ ಐದು, ಮೇಲಕ್ಕೆ ಹತ್ತು ಎಣಿಸಿ ಒಂದು ಅರಿಶಿನದ ಬೊಟ್ಟು ಇಟ್ಟೆ. ಅಲ್ಲಿಂದ ನನ್ನ ಗೆರೆಯನ್ನು ಎಳೆದೆ. ಅದು ವೃತ್ತದ ಎಡ ಹೆಗಲನ್ನು ಸವರಿಕೊಂಡು ಹೋಯಿತು. ಸರಿಯಾಗಿಯೇ ಇತ್ತು.

ಅತ್ತೆಯವರು ಜಪಮಣಿ ಹಿಡಿದು ಬಾಗಿಲಲ್ಲಿ ನಿಂತರು.

"ಏನೇ ಇದು, ಹೊಸಲು ಬಿಟ್ಟು ಒಲೆ ಮುಂದೆ ರಂಗೋಲಿ?"

"ರಂಗೋಲಿ ಅಲ್ಲಮ್ಮಾ, ಲೆಕ್ಕ."

"ಲೆಕ್ಕವೋ ಪಕ್ಕವೋ. ಎಡಗಡೆ ಮಾತ್ರ ಗೆರೆ ಹಾಕಿ ಬಲಗಡೆ ಬೋಳು ಬಿಟ್ಟಿದ್ದೀಯಲ್ಲ. ಒಂದೇ ಕಿವಿಗೆ ಓಲೆ ಹಾಕ್ಕೊಂಡ ಹಾಗಿದೆ."

ಬಲಗಡೆ ನೋಡಿದೆ. ಅರಿಶಿನದ ಬೊಟ್ಟಿನಿಂದ ಚುಕ್ಕಿಗಳ ಸಾಲು ನೆಟ್ಟಗೆ ಕೆಳಗಿಳಿದು ವೃತ್ತದ ಬಲ ಅಂಚಿಗೆ ತಾಗಿ ನಿಂತಿತ್ತು. ಗೆರೆ ಎಳೆಯುವುದೂ ಬೇಕಿರಲಿಲ್ಲ. x = 5. ಓದು ಬಾರದ ನಮ್ಮತ್ತೆಗೆ ಕಂಡಿತು, ಬಡಗಿಯ ಮಗಳಿಗೆ ಕಂಡಿತು, ಬಿ.ಎ. ಮಾಡಿದ ನನಗೆ ಕಂಡಿರಲಿಲ್ಲ. ನೆಟ್ಟಗೆ ನಿಂತ ಗೆರೆಗೆ ಇಳಿಜಾರು ಎಂಬುದೇ ಇಲ್ಲ. ಇಲ್ಲದ್ದನ್ನು m ಎಂದು ಕರೆದರೆ ಅದು ಲೆಕ್ಕದೊಳಗೆ ಬರುವುದು ಹೇಗೆ? m² ಮಾಯವಾದದ್ದು ಕೃಪೆಯಲ್ಲ, ಒಂದು ಗೆರೆ ಕೈಬಿಟ್ಟು ಹೋಯಿತೆಂಬ ಸೂಚನೆ.

ನಮ್ಮನೆಯವರಿಗೆ ಹೇಳಿದೆ. ಅವರು ಪೇಪರು ಕೆಳಗಿಟ್ಟು, "ನಿನ್ನ ಖಾಯಂ ವಿಷಯ ಈ ತಿಂಗಳೇ ಅಲ್ವಾ?" ಎಂದರು. ಹೌದೆಂದೆ. ಎದ್ದು ನಿಂತು, "ಚಪ್ಪಲಿ ಹಾಕ್ಕೋ. ನಾನೂ ಬರ್ತೀನಿ" ಎಂದರು. ಅಷ್ಟೇ. ಅವರನ್ನು ಆ ದೇವರೇ ಹುಡುಕಿ ಕೊಟ್ಟದ್ದು.

ವೇದವಲ್ಲಿ ಮೇಡಂ ಮನೆ ಮೈಲಾಪುರದಲ್ಲಿ. ನಮ್ಮನೆಯವರು ಹೊರಗೆ ಜಗಲಿಯ ಮೇಲೆಯೇ ಕೂತರು. ಮೇಡಂ ವಯಸ್ಸಾದ ತಂದೆಗೆ ಹಣ್ಣು ಹೆಚ್ಚಿ ಕೊಡುತ್ತಿದ್ದರು. ನಾನು ನಿಂತಲ್ಲೇ ಎಲ್ಲ ಹೇಳಿದೆ. ಅವರು ಚಾಕು ಕೆಳಗಿಡದೆ ಕೇಳಿದರು.

"ನಿನ್ನ ಉತ್ತರದ ಹಾಳೆಗೆ ಸೈನ್ ಹಾಕಿದವಳು ನಾನು, ತೆರಿಯುಮಾ?"

"ಗೊತ್ತು ಮೇಡಂ."

"ಹಾಗಾದ್ರೆ ಇಬ್ರೂ ಕುರುಡೀರು." ಚಾಕು ಇಟ್ಟರು. "ಈಗ ಉತ್ತರ ತಿದ್ದಿದ್ರೆ ಒಂದೇ ಗೆರೆ ಬರೆದ ಹುಡುಗೀರಿಗೆಲ್ಲ ಅಂಕ ಕುಯ್ಯಬೇಕಾ? ಅವರಲ್ಲಿ ನಾಲ್ಕು ಜನ ಗಡಿಯಲ್ಲಿದ್ದಾರೆ."

ಇದು ನನ್ನ ತಲೆಗೆ ಹೊಳೆದೇ ಇರಲಿಲ್ಲ. ಒಬ್ಬಳನ್ನು ಎತ್ತಲು ಹೋಗಿ ನಾಲ್ವರನ್ನು ನೂಕಬೇಕಾಗುತ್ತದೆ.

"ಪ್ರಶ್ನೆಯಲ್ಲಿ ಏನು ಬರೆದಿದ್ದೀಯಾ? ಸ್ಪರ್ಶರೇಖೆ ಅಂತಾನಾ, ರೇಖೆಗಳು ಅಂತಾನಾ?"

"ಒಂದೇ ರೇಖೆ ಅಂತ ಬರೆದಿದ್ದೀನಿ."

"ಒಂದು ಕೇಳಿದ್ದೀಯಾ, ಒಂದು ಕೊಟ್ಟಿದ್ದಾರೆ. ಅವರ ತಪ್ಪಿಲ್ಲ. ಅವರನ್ನ ಮುಟ್ಟಬೇಡ. ಎರಡು ಕೊಟ್ಟವಳ ವಿಷಯ ಬೇರೆ. ಆದ್ರೆ ಹಂತ ಇಲ್ಲ ಅಂತೀಯಲ್ಲ, ಅವಳಿಗೆ ನಿಜವಾಗಿ ಬರುತ್ತಾ, ಇಲ್ಲ ಕಣ್ಣಂದಾಜಾ? ನಾಳೆ ಬೆಳಿಗ್ಗೆ ನೋಡೋಣ. ಬಂದಮೇಲೆ ಪಳಂ ತಿನ್ನು, ಹಾಗೇ ಹೋಗಬಾರದು." ಹಣ್ಣಿನ ಹೋಳು ಕೈಗೆ ಕೊಟ್ಟರು. ನಿಂತಲ್ಲೇ ತಿಂದೆ.

ಸೋಮವಾರ ಬೆಳಿಗ್ಗೆ ಟೈಪಾದ ಪಟ್ಟಿ ಪ್ರಿನ್ಸಿಪಾಲರ ಮೇಜಿನ ಮೇಲಿತ್ತು. ಖಾಲಿ ಕೊಠಡಿಗೆ ನಾಗರತ್ನಳನ್ನು ಕರೆಸಿದೆವು. ಬಂದು ಬಾಗಿಲಿಗೆ ಒರಗಿ ನಿಂತಳು. ಕಣ್ಣು ಊದಿಕೊಂಡಿತ್ತು. ಮೇಡಂ ಸೊಂಟದಿಂದ ಸೀಮೆಸುಣ್ಣ ತೆಗೆದು ಚಾಚಿದರು.

"ಏಳನೇ ಪ್ರಶ್ನೆ. ನಿನಗೆ ಹೇಗೆ ಕಂಡಿತೋ ಹಾಗೆ ಹೇಳು."

ಅವಳು ವೃತ್ತ ಬರೆದಳು. ಬರೀ ಕೈಯಲ್ಲಿ, ಆದರೂ ಗುಂಡಗೆ.

"ಈ ನೆಟ್ಟಗಿನ ಗೆರೆ ತಾಗಿರೋದು ಕಾಣುತ್ತೆ ಮೇಡಂ. ಬಿಂದುವಿನಿಂದ ತಾಗೋ ಜಾಗಕ್ಕೆ ಹತ್ತು ಉದ್ದ. ಹೊರಗಿನಿಂದ ಎಳೆದ ಎರಡೂ ಒಂದೇ ಉದ್ದ ಇರಬೇಕು ಅಂತ ಟೀಚರೇ ಹೇಳಿಕೊಟ್ಟಿದ್ದಾರೆ. ಹಾಗಾದರೆ ಇನ್ನೊಂದೂ ಹತ್ತು. ಹತ್ತು ಅಂದ್ರೆ ಆರು, ಎಂಟು. ಎಡಕ್ಕೆ ಎಂಟು, ಕೆಳಕ್ಕೆ ಆರು ಹೋದ್ರೆ (−3, 4). ಅದು ವೃತ್ತದ ಮೇಲಿದೆ."

"ಹತ್ತು ಅಂದ್ರೆ ಆರು ಎಂಟು ಅಂತ ಯಾರು ಹೇಳಿದ್ರು?"

"ಅಪ್ಪ. ಸೆಟ್ಟಿನ ಮೂಲೆ ನೇರ ಮಾಡೋಕೆ ಹಗ್ಗದಲ್ಲಿ ಮೂರು, ನಾಲ್ಕು, ಐದು ಅಳೀತಾರೆ. ದೊಡ್ಡ ಸೆಟ್ಟಾದ್ರೆ ಆರು, ಎಂಟು, ಹತ್ತು."

ಮೇಡಂ ನನ್ನ ಕಡೆ ತಿರುಗಿದರು. ಅವರ ಮುಖದಲ್ಲಿ ಅಂಥ ಸಂತೋಷವನ್ನು ನಾನು ಹಿಂದೆ ನೋಡಿರಲಿಲ್ಲ. ಆದರೂ ಬಿಡಲಿಲ್ಲ. ಹಲಗೆಯ ಮೇಲೆ ಹೊಸ ಲೆಕ್ಕ ಬರೆದರು: ವೃತ್ತ x² + y² = 4, ಬಿಂದು (3, 2).

"ಇದಕ್ಕೆ ಹಗ್ಗ ಒದಗಲ್ಲ. ದೊಡ್ಡ ಪರೀಕ್ಷೆಯಲ್ಲಿ ಹಂತ ಕೇಳ್ತಾರೆ. ಬರೆದು ತೋರಿಸು. ತೋರಿಸಿದರೆ ಪಟ್ಟಿಗೆ ಹೆಸರು. ಇಲ್ಲದಿದ್ದರೆ ನನ್ನ ಕೈಯಲ್ಲಿ ಇಲ್ಲ."

ನಾನು ಮನಸ್ಸಿನಲ್ಲೇ ಲೆಕ್ಕ ಮಾಡಿದೆ. ಮೇಡಂ ಬಲೆ ಹಾಕಿದ್ದರು. ಅದನ್ನು ಬಿಡಿಸಿದರೆ 5m² = 12m ಎಂದು ಬರುತ್ತದೆ. ಅವಸರದವರು ಎರಡೂ ಕಡೆ m ಹೊಡೆದುಹಾಕಿ 5m = 12 ಎನ್ನುತ್ತಾರೆ, ಒಂದು ಗೆರೆ ಕಳೆದುಕೊಳ್ಳುತ್ತಾರೆ. ದ್ವಾದಶಿ ಬೆಳಗ್ಗೆ ಒಲೆಯ ಪಕ್ಕದಲ್ಲಿ ಕೂತಿದ್ದರೆ ನಾನೂ ಹೊಡೆದುಹಾಕುತ್ತಿದ್ದೆ. ಸೆರಗಿನೊಳಗೆ ಕೈಜೋಡಿಸಿ ರಾಯರನ್ನು ನೆನೆದೆ.

ನಾಗರತ್ನ ನಿಧಾನವಾಗಿ ಬರೆದಳು. ಒಂದು ಹಂತ, ಎರಡು ಹಂತ. ಎರಡೂ ಕಡೆಯ ನಾಲ್ಕನ್ನು ಹೊಡೆದಳು. 5m² = 12m ಎಂಬಲ್ಲಿಗೆ ಬಂದಳು. ಕೈ ಮೇಲೆತ್ತಿದಳು. ಸೀಮೆಸುಣ್ಣ m ಅಕ್ಷರದ ಹತ್ತಿರ ಹೋಯಿತು. ಅಲ್ಲೇ ನಿಂತಿತು. ಒಂದು ಹೆಜ್ಜೆ ಹಿಂದೆ ಸರಿದು ಹಲಗೆ ನೋಡಿದಳು.

"ಏನು, ಆಗಲಿಲ್ವಾ?" ಎಂದರು ಮೇಡಂ.

"ಆಯ್ತು ಮೇಡಂ. ಇದನ್ನ ಹೊಡೆದ್ರೆ ಒಂದು ಗೆರೆ ಹೋಗಿಬಿಡುತ್ತೆ. ಮಲಗಿರೋ ಗೆರೆ, y = 2. ಅದು ತಾಗಿರೋದು ಇಲ್ಲೇ ಕಾಣ್ತಿದೆ." ಹೊಡೆಯದೆ, m(5m − 12) = 0 ಎಂದು ಬರೆದಳು. ಕೆಳಗೆ ಎರಡು ಇಳಿಜಾರು, ಅದರ ಕೆಳಗೆ ಎರಡು ಸಮೀಕರಣ.

ಮೇಡಂ ಅವಳ ಕೈಯಿಂದ ಸೀಮೆಸುಣ್ಣ ತೆಗೆದುಕೊಂಡು ಕರ್ಚೀಫಿನಲ್ಲಿ ಸುತ್ತಿಟ್ಟುಕೊಂಡರು. "ಅರ್ಜಿ ಫಾರಂ ತಂದಿದ್ದೀಯಾ?" ಎಂದು ಮಾತ್ರ ಕೇಳಿದರು.

ಆದರೆ ಪ್ರಿನ್ಸಿಪಾಲರು ಕಾರಣವಿಲ್ಲದೆ ಟೈಪಾದ ಪಟ್ಟಿ ಬದಲಿಸುವುದಿಲ್ಲ ಎಂದರು. ಕಾರಣ ಲಿಖಿತದಲ್ಲಿ ಬೇಕು, ಅದು ನನ್ನ ಫೈಲಿಗೆ ಹೋಗುತ್ತದೆ. ನಾನು ಅಲ್ಲೇ ನಿಂತು ಬರೆದೆ: ಉತ್ತರದ ಹಾಳೆಯಲ್ಲಿ ಒಂದು ಸ್ಪರ್ಶರೇಖೆಯನ್ನು ಬಿಟ್ಟಿದ್ದೇನೆ, ಸರಿಯಾಗಿ ಬರೆದ ವಿದ್ಯಾರ್ಥಿನಿಗೆ ಸೊನ್ನೆ ಕೊಟ್ಟಿದ್ದೇನೆ, ತಪ್ಪು ನನ್ನದು. ಮೇಡಂ ಅದನ್ನು ಓದಿ, ನನ್ನ ಸಹಿಯ ಪಕ್ಕದಲ್ಲಿ ತಮ್ಮದನ್ನೂ ಹಾಕಿದರು. ಬೇಡವೆಂದರೂ ಕೇಳಲಿಲ್ಲ. "ನಾನೂ ತಾನೆ ಪಾರ್ತು, ನೋಡಿಯೇ ಸೈನ್ ಹಾಕಿದ್ದು" ಎಂದರು. ಟೈಪಾದ ಹೆಸರುಗಳ ಕೆಳಗೆ ಶಾಯಿಯಲ್ಲಿ ಒಂದು ಹೆಸರು ಸೇರಿತು. ಆಫೀಸಿನ ಕಿಟಕಿ ಮುಚ್ಚುವ ಮುಂಚೆ ಅವಳ ಅರ್ಜಿಯೂ ಒಳಗೆ ಹೋಯಿತು.

ನನ್ನ ಕೆಲಸ ಆ ವರ್ಷ ಖಾಯಂ ಆಗಲಿಲ್ಲ. ಮುಂದಿನ ವರ್ಷ ಆಯಿತು. ಯಾರೂ ತೆಗೆದುಹಾಕಲಿಲ್ಲವಲ್ಲ, ಅದನ್ನು ಎಣಿಕೆಗೆ ಸೇರಿಸಿಕೊಂಡೆ. ಮಾಡಿದ ಇನ್ನೊಂದು ಕೆಲಸವೆಂದರೆ, ಆ ಪರೀಕ್ಷೆಯಲ್ಲಿ ನಾನು ಸೊನ್ನೆ ಕೊಟ್ಟಿದ್ದ ಉತ್ತರಗಳನ್ನೆಲ್ಲ ಮತ್ತೆ ತೆಗೆದು ಚಿತ್ರ ಬರೆದು ನೋಡಿದ್ದು. ಹೆಚ್ಚಿನವು ಸೊನ್ನೆಯೇ. ಒಂದು ಮಾತ್ರ ಅಲ್ಲ. ಆ ಹುಡುಗಿ ಹೇಗೂ ದಾಟಿದ್ದಳು, ಆದರೂ ಕರೆದು ಹೇಳಿದೆ. ನೀವೂ ಸೊನ್ನೆ ಬರೆಯುವ ಮುಂಚೆ ಒಂದು ಚಿತ್ರ ಬರೆಯಿರಿ. ಹೆಚ್ಚು ಹೊತ್ತು ಹಿಡಿಯುವುದಿಲ್ಲ.

ನಾಗರತ್ನ ಮೊದಲ ಸಲಕ್ಕೇ ಪಾಸಾದಳು, ತರಬೇತಿಗೂ ಸೇರಿದಳು. ಕೆಲವು ವರ್ಷಗಳ ಮೇಲೆ ಮಣಲಿಯ ಕಡೆ ಕಾರ್ಖಾನೆಗಳು ಏಳುತ್ತಿದ್ದಾಗ ಅಲ್ಲಿಗೆ ಕೊಳವೆಗಳ ನಕ್ಷೆ ಬರೆದುಕೊಡುವ ಒಂದು ಆಫೀಸಿನಲ್ಲಿ ಕೆಲಸ ಸಿಕ್ಕಿತು. ಒಂದು ಸಂಜೆ ಅಪ್ಪ ಮಗಳು ನಮ್ಮ ಮನೆಗೆ ಬಂದರು. ಸಿದ್ದಾಚಾರ್ ಕುರ್ಚಿ ತೋರಿಸಿದರೂ ಕೂರದೆ ನಿಂತೇ ಇದ್ದರು. ಅವಳು ಕೂತಳು.

"ಕೆಲಸ ಹೇಗಿದೆಯೇ?" ಎಂದು ಕೇಳಿದೆ.

"ದಿನವೆಲ್ಲ ಸ್ಪರ್ಶರೇಖೆಯೇ ಟೀಚರ್. ಕೊಳವೆ ನೇರ ಬಂದು ತಿರುವಿಗೆ ಸೇರೋ ಕಡೆಯೆಲ್ಲ ಅದೇ. ಆದರೆ ಅಲ್ಲಿ ಹಂತ ಯಾರೂ ಕೇಳಲ್ಲ. ಗೆರೆ ತಾಗಿದೆಯಾ ಅಂತ ಮಾತ್ರ ಕೇಳ್ತಾರೆ."

ನಮ್ಮನೆಯವರು ಗಟ್ಟಿಯಾಗಿ ನಕ್ಕರು. ನನಗೂ ನಗು ಬಂತು, ಆದರೂ ಟೀಚರಲ್ಲವೇ, ಬಿಡಲಾಗಲಿಲ್ಲ.

"ಹೇಳು ಮತ್ತೆ. ತಾಗಿದೆಯಾ?"

"ತಾಗಿದೆ ಟೀಚರ್" ಎಂದಳು.